ತೀವ್ರ ಚೌಕಸ್: ಭಾರತೀಯ ಸೇನೆಯ ಸಿಗ್ನಲ್ಸ್ ದಳ

ಸೇನಾನಿಯ ಆಜ್ಞೆಯನ್ನು ರಣರಂಗದ ಕಟ್ಟಕಡೆಯ ತುಕಡಿಗೆ ಮುಟ್ಟಿಸುವ ಕೆಲಸವು ಭಾರತದ ಸೇನೆಯಲ್ಲಿ ಬಹುಕಾಲ ಪ್ರತ್ಯೇಕ ಕಸುಬೆನಿಸಿರಲಿಲ್ಲ. ಸೇತುವೆ ಕಟ್ಟುವ, ಸುರಂಗ ತೋಡುವ ಎಂಜಿನಿಯರ್ ಪಡೆಗಳಾದ ‘ಸ್ಯಾಪರ್ಸ್ ಅಂಡ್ ಮೈನರ್ಸ್’ ಹೊತ್ತಿದ್ದ ಹತ್ತಾರು ಹೊಣೆಗಳಲ್ಲಿ ತಂತಿ ಎಳೆಯುವುದೂ ಒಂದಾಗಿತ್ತು. 1911ರ ಫೆಬ್ರವರಿ 15ರಂದು ಗಂಗಾತೀರದ ಫತೇಗಢದಲ್ಲಿ ಲೆಫ್ಟಿನೆಂಟ್ ಕರ್ನಲ್ ಎಸ್. ಎಚ್. ಪೊವೆಲ್ ಅವರ ನೇತೃತ್ವದಲ್ಲಿ 31 ಮತ್ತು 32ನೆಯ ಸಿಗ್ನಲ್ ಕಂಪನಿಗಳು ರೂಪುಗೊಂಡಾಗ ಈ ಕಸುಬಿಗೆ ತನ್ನದೇ ಹೆಸರು ದೊರೆಯಿತು. ಇಂದಿನ ‘ಕೋರ್ ಆಫ್ ಸಿಗ್ನಲ್ಸ್’ ತನ್ನ ಹುಟ್ಟನ್ನು ಎಣಿಸುವುದು ಆ ದಿನದಿಂದಲೇ.

ಆ ಕಾಲದ ಸಲಕರಣೆಗಳಲ್ಲಿ ಹೀಲಿಯೋಗ್ರಾಫ್‌ನಷ್ಟು ಸೊಗಸಾದುದು ಮತ್ತೊಂದಿರಲಿಲ್ಲ. ಹೆನ್ರಿ ಮ್ಯಾನ್ಸ್ ಎಂಬ ಎಂಜಿನಿಯರ್ 1869ರ ಸುಮಾರಿಗೆ ಕರಾಚಿಯಲ್ಲಿದ್ದಾಗ ರೂಪಿಸಿದ ಈ ಉಪಕರಣವೆಂದರೆ ಮುಕ್ಕಾಲಿಯ ಮೇಲೆ ಕೂರಿಸಿದ ದುಂಡು ಕನ್ನಡಿ, ಅದನ್ನು ತುಸುವೇ ಓಲಿಸುವ ಒಂದು ಕೀಲಿ, ಅಷ್ಟೇ. ಕೀಲಿಯನ್ನು ಒತ್ತಿದಂತೆಲ್ಲ ಬಿಸಿಲಿನ ಮಿಂಚು ದೂರದ ಬೆಟ್ಟದತ್ತ ಗಿಡ್ಡದಾಗಿಯೋ ಉದ್ದವಾಗಿಯೋ ಹಾಯುತ್ತಿತ್ತು. ಚುಕ್ಕಿ ಮತ್ತು ಗೆರೆಗಳಿಂದ ಅಕ್ಷರ ಕೂಡಿಸುವ ಮೋರ್ಸ್ ಸಂಕೇತವನ್ನು ಬಲ್ಲ ಸಿಪಾಯಿ ಅಲ್ಲಿ ಅದನ್ನು ಓದಿಕೊಳ್ಳುತ್ತಿದ್ದ. ಕಿರಣದ ಹಾದಿಯಿಂದ ಹೊರಗಿದ್ದವರಿಗೆ ಅದು ಕಾಣಿಸದ ಕಾರಣ ಸಂದೇಶದ ಗುಟ್ಟೂ ಬಹುಮಟ್ಟಿಗೆ ಉಳಿಯುತ್ತಿತ್ತು. ಆದರೆ ಮೋಡ ಕವಿದರೆ, ಹೊತ್ತು ಮುಳುಗಿದರೆ ಕನ್ನಡಿ ಮೂಕವಾಗುತ್ತಿತ್ತು.

ತಂತಿಗೆ ಹಗಲುರಾತ್ರಿಗಳ ಹಂಗಿರಲಿಲ್ಲವಾದರೂ ಒಂದು ಗುಂಡು ಬಿದ್ದರೆ ಅದು ತುಂಡಾಗುತ್ತಿತ್ತು. ತುಂಡಾದ ಜಾಗವನ್ನು ಹುಡುಕುತ್ತ ಗುಂಡಿನ ಮಳೆಯಲ್ಲೇ ತಂತಿಯ ಜಾಡು ಹಿಡಿದು ಹೋಗಬೇಕಾದವನು ಲೈನ್‌ಮನ್. ಯುದ್ಧದ ಕಥನಗಳಲ್ಲಿ ಅವನಿಗೆ ಸಿಕ್ಕಿರುವ ಜಾಗ ತೀರ ಕಿರಿದು ಎಂಬುದು ನೋವಿನ ಸಂಗತಿ. ತಂತಿಯ ಕಟ್ಟಿನಿಂದ ಸೇನೆಯನ್ನು ಬಿಡಿಸಿದ ರೇಡಿಯೋ ಬೇರೊಂದು ಕಷ್ಟವನ್ನು ತಂದೊಡ್ಡಿತು: ಗಾಳಿಗೆ ಬಿಟ್ಟ ಮಾತು ಶತ್ರುವಿನ ಕಿವಿಗೂ ಬೀಳುತ್ತದೆ. ಅದನ್ನು ಗುಪ್ತಲಿಪಿಗೆ ತಿರುಗಿಸಿ ಕಳುಹಿಸಿದರೆ ಹೊತ್ತು ಹೋಗುತ್ತದೆ, ತಿರುಗಿಸದೆ ಕಳುಹಿಸಿದರೆ ಗುಟ್ಟು ಹೋಗುತ್ತದೆ. ದಳದ ಧ್ಯೇಯವಾಕ್ಯವಾದ ‘ತೀವ್ರ ಚೌಕಸ್’, ಅಂದರೆ ವೇಗ ಮತ್ತು ಎಚ್ಚರ, ಒಂದನ್ನೊಂದು ಸದಾ ಜಗ್ಗುವ ಈ ಎರಡು ಬೇಡಿಕೆಗಳನ್ನೇ ಒಟ್ಟಿಗೆ ಕಟ್ಟಿದೆ.

ಎರಡು ಮಹಾಯುದ್ಧಗಳ ನಡುವೆ ಜಬಲ್ಪುರವು ಸಿಪಾಯಿಗಳ ತರಬೇತಿಯ ನೆಲೆಯಾಗಿ ಬೆಳೆಯಿತು. ಅಧಿಕಾರಿಗಳ ಉನ್ನತ ಶಿಕ್ಷಣಕ್ಕೆ ಮುಂದೆ ಮಹೂ ಹೆಸರಾಯಿತು. 1947ರ ವಿಭಜನೆಯಲ್ಲಿ ದಳದ ಆಳು, ಸಾಮಗ್ರಿಗಳೆರಡೂ ಹಂಚಿಹೋದವು. ದಳದ ಅತ್ಯುನ್ನತ ಹುದ್ದೆಯಾದ ‘ಸಿಗ್ನಲ್ ಆಫೀಸರ್ ಇನ್ ಚೀಫ್’ ಸ್ಥಾನಕ್ಕೇರಿದ ಮೊದಲ ಭಾರತೀಯರು ಕೊಡಗಿನ ಅಪ್ಪಾರಂಡ ಸಿ. ಅಯ್ಯಪ್ಪ. ಸೇನೆಯ ರೇಡಿಯೋಗಳಿಗೆ ವಿದೇಶವನ್ನೇ ನೆಚ್ಚಿಕೊಳ್ಳಬೇಕಾಗಿದ್ದ ಆ ದಿನಗಳಲ್ಲಿ, 1954ರಲ್ಲಿ, ಫ್ರೆಂಚ್ ಕಂಪನಿಯೊಂದರ ತಾಂತ್ರಿಕ ಸಹಯೋಗದೊಂದಿಗೆ ಬೆಂಗಳೂರಿನಲ್ಲಿ ಭಾರತ್ ಎಲೆಕ್ಟ್ರಾನಿಕ್ಸ್ ಸ್ಥಾಪನೆಯಾಯಿತು. ರಣರಂಗದಲ್ಲಿ ರೇಡಿಯೋ ಕೈಕೊಟ್ಟರೆ ಏನಾಗುತ್ತದೆಂಬುದನ್ನು ಬಲ್ಲ ಅಯ್ಯಪ್ಪನವರೇ ಮುಂದೆ ಆ ಕಾರ್ಖಾನೆಯ ಚುಕ್ಕಾಣಿ ಹಿಡಿದರು.