ಬಾಣಂತಿ ಸನ್ನಿಯ ಕಥೆಗೆ ಹೌಸ್‌ಫುಲ್ ಬೋರ್ಡು: 'ಶರಪಂಜರ' ಎಲ್ಲರ ಸಿನಿಮಾ ಆಗಿದ್ದು ಹೇಗೆ?



'ಕಾಂತಾರ'ಕ್ಕೆ ರಾಷ್ಟ್ರಪ್ರಶಸ್ತಿ ಬಂದ ದಿನ ನನ್ನ ಜೊತೆ ಕೆಲಸ ಮಾಡೋ ಹುಡುಗನೊಬ್ಬ ಕೇಳಿದ: "ಜನಾನೂ ಮುಗಿಬಿದ್ದು ನೋಡಿ, ಅವಾರ್ಡೂ ಬಂದಿದ್ದು ಕನ್ನಡದಲ್ಲಿ ಇದೇ ಫಸ್ಟ್ ಅಲ್ವಾ?" ನನಗೆ ನಗು ಬಂತು. ಆದ್ರೆ ಅವನದೇನೂ ತಪ್ಪಿಲ್ಲ. ಅವಾರ್ಡ್ ಪಿಕ್ಚರ್ ಅಂದ್ರೆ ಯಾರೂ ನೋಡದ ಪಿಕ್ಚರ್, ಓಡೋ ಪಿಕ್ಚರ್ ಅಂದ್ರೆ ಅವಾರ್ಡಿಗೆ ಲಾಯಕ್ಕಿಲ್ಲದ್ದು ಅನ್ನೋ ಭಾಗಾಕಾರ ನಮ್ಮ ತಲೇಲಿ ಅಷ್ಟು ಗಟ್ಟಿಯಾಗಿ ಕೂತಿದೆ. ಅವನಿಗೆ ನಾನು ಹೇಳಿದ ಹೆಸರು 'ಶರಪಂಜರ'. ಇವತ್ತು ನಿಮಗೂ ಅದರ ಕಥೆಯನ್ನೇ ಹೇಳ್ತೀನಿ.

ಮೊದಲು ಆ ಕಾಲ ಹೇಗಿತ್ತು ಅಂತ ಸ್ವಲ್ಪ ನೋಡೋಣ. 1970ರಲ್ಲಿ ಪಟ್ಟಾಭಿರಾಮ ರೆಡ್ಡಿ ಅವರ 'ಸಂಸ್ಕಾರ' ಬಂತು. ಅನಂತಮೂರ್ತಿಯವರ ಕಾದಂಬರಿ ಆಧಾರಿತ ಚಿತ್ರ. ಮೊದಲು ಸೆನ್ಸಾರ್ ತಡೆಯಿತು, ಆಮೇಲೆ ಅದೇ ಚಿತ್ರ ದೇಶದ ಅತ್ಯುತ್ತಮ ಚಿತ್ರ ಅನ್ನಿಸಿಕೊಂಡಿತು. ಹೊಸ ಅಲೆ ಅಂತ ಎಲ್ಲರೂ ಮಾತಾಡೋಕೆ ಶುರು ಮಾಡಿದ್ರು. ಇನ್ನೊಂದು ಕಡೆ ಡಾ. ರಾಜ್‌ಕುಮಾರ್ ಅವರ ಚಿತ್ರಗಳಿಗೆ ಊರೂರಲ್ಲಿ ಜಾತ್ರೆ. ಈ ಎರಡರ ಮಧ್ಯೆ ಒಬ್ಬ ನಿರ್ದೇಶಕ ನಿಂತಿದ್ದರು. ಮೈಸೂರು ಜಿಲ್ಲೆ ಪಿರಿಯಾಪಟ್ಟಣ ತಾಲ್ಲೂಕಿನ ಕಣಗಾಲ್ ಊರಿನವರು, ಬಿ. ಆರ್. ಪಂತುಲು ಅವರ ಗರಡಿಯಲ್ಲಿ ಪಳಗಿದವರು, ಎಸ್. ಆರ್. ಪುಟ್ಟಣ್ಣ ಕಣಗಾಲ್.

ಪುಟ್ಟಣ್ಣನವರ ಬಗ್ಗೆ ಮಾತಾಡುವಾಗ ಎಲ್ಲರೂ ಹಾಡಿನ ಚಿತ್ರೀಕರಣ, ಲೊಕೇಶನ್, ಸಿಡುಕು, ಶಿಸ್ತು ಅಂತ ಶುರು ಮಾಡ್ತಾರೆ. ನಾನು ಬೇರೆ ಕಡೆಯಿಂದ ಬರ್ತೀನಿ. ಯಾಕಂದ್ರೆ ಈ ಕಥೆ ಶುರುವಾಗೋದು ಥಿಯೇಟರಿನಲ್ಲಿ ಅಲ್ಲ, ಮೈಸೂರಿನ ಒಬ್ಬ ಹೆಣ್ಣುಮಗಳ ಬರವಣಿಗೆಯ ಮೇಜಿನ ಮೇಲೆ.

ಅವರ ಹೆಸರು ಅನಸೂಯಾ ಶಂಕರ್. ಓದುಗರಿಗೆ ಅವರು ತ್ರಿವೇಣಿ. 1928ರಲ್ಲಿ ಹುಟ್ಟಿದವರು, ಬಿ. ಎಂ. ಶ್ರೀಕಂಠಯ್ಯನವರ ಸಂಬಂಧಿ, ಮನಃಶಾಸ್ತ್ರ ಓದಿದವರು. ಆ ಓದು ಅವರ ಕಾದಂಬರಿಗಳಲ್ಲಿ ಎದ್ದು ಕಾಣುತ್ತೆ. ಅವರ ನಾಯಕಿಯರ ಮನೆಯಲ್ಲಿ ರಾಕ್ಷಸರಂಥ ಖಳನಾಯಕರು ಇರೋದಿಲ್ಲ. ಇರೋದು ಅತ್ತೆ, ಗಂಡ, ಪಕ್ಕದ ಮನೆಯವರು ಮತ್ತು ಹೇಳಲಾಗದ ಒಂದು ಮಾತು. ಆ ಮಾತು ಒಳಗೇ ಕೊಳೆತು ಏನಾಗುತ್ತೆ ಅನ್ನೋದೇ ಕಥೆ.

ಇದನ್ನೆಲ್ಲ ಓದ್ತಿದ್ದವರು ಯಾರು ಅನ್ನೋದು ಮುಖ್ಯ. ನಮ್ಮ ಅಜ್ಜಿ ಮೈಸೂರಿನ ಒಂದು ವಠಾರದಲ್ಲಿ ಸಂಸಾರ ಮಾಡಿದವರು. ಬಾಡಿಗೆಗೆ ಪುಸ್ತಕ ಕೊಡೋ ಅಂಗಡಿಯಿಂದ ತಾತ ತರ್ತಿದ್ದ ಒಂದೇ ಕಾದಂಬರಿಯನ್ನ ನಾಲ್ಕು ಮನೆಯ ಹೆಂಗಸರು ಸರದಿ ಮೇಲೆ ಓದ್ತಿದ್ರಂತೆ. ಮಧ್ಯಾಹ್ನ ಗಂಡಸರು ಆಫೀಸಿಗೆ ಹೋದ ಮೇಲೆ ಊಟ ಮುಗಿಸಿ ಮಲಗೋ ಹೊತ್ತಲ್ಲಿ. "ತ್ರಿವೇಣಿ ಪುಸ್ತಕ ಬಂದ್ರೆ ಸರದಿ ತಪ್ಪಿ ಜಗಳ ಆಗ್ತಿತ್ತು ಕಣೆ" ಅಂತ ಅಜ್ಜಿ ಹೇಳ್ತಿದ್ರು. ಅಂದ್ರೆ ಸಿನಿಮಾ ಬರೋಕೆ ಮುಂಚೆಯೇ ಆ ಸಿನಿಮಾದ ಪ್ರೇಕ್ಷಕರು ತಯಾರಾಗಿ ಕೂತಿದ್ರು. ಯಾವ ಪಬ್ಲಿಸಿಟಿ ಟೀಮೂ ಬೇಕಿರ್ಲಿಲ್ಲ.

ಪುಟ್ಟಣ್ಣ ಇದನ್ನ ಬೇಗ ಅರ್ಥ ಮಾಡಿಕೊಂಡವರು. ಕುತೂಹಲದ ವಿಷಯ ಏನಪ್ಪಾ ಅಂದ್ರೆ, ತ್ರಿವೇಣಿಯವರನ್ನು ಅವರು ಮೊದಲು ತೆರೆಗೆ ತಂದಿದ್ದು ಕನ್ನಡದಲ್ಲಲ್ಲ, ಮಲಯಾಳಂನಲ್ಲಿ! 'ಬೆಕ್ಕಿನ ಕಣ್ಣು' ಕಾದಂಬರಿ 1966ರಲ್ಲಿ 'ಪೂಚಕ್ಕಣ್ಣಿ' ಆಯ್ತು. ಮರುವರ್ಷ ಕನ್ನಡದಲ್ಲಿ 'ಬೆಳ್ಳಿಮೋಡ'. ಶ್ರೀಮಂತರ ಒಬ್ಬಳೇ ಮಗಳು ಅಂತ ಇಂದಿರಾಳನ್ನ ಒಪ್ಪಿಕೊಂಡ ಹುಡುಗ, ಅವಳಿಗೊಬ್ಬ ತಮ್ಮ ಹುಟ್ಟಿದ ಕೂಡಲೇ ಆಸ್ತಿ ಕೈತಪ್ಪಿತು ಅಂತ ಹಿಂದೆ ಸರೀತಾನೆ. ಆಮೇಲೆ ಅವನಿಗೆ ಅಪಘಾತ ಆಗುತ್ತೆ, ಅವಳೇ ಆರೈಕೆ ಮಾಡ್ತಾಳೆ, ಅವನು ಕರಗಿ ಮದುವೆಯಾಗು ಅಂತಾನೆ. ಮಾಮೂಲಿ ಸಿನಿಮಾ ಆಗಿದ್ರೆ ಅಲ್ಲಿಗೆ ಶುಭಂ. ಆದ್ರೆ ಇಂದಿರಾ ಬೇಡ ಅಂತಾಳೆ. 1967ರಲ್ಲಿ! ಜನ ಬೈಕೊಂಡು ಹೋಗ್ಲಿಲ್ಲ, ಮೆಚ್ಚಿಕೊಂಡ್ರು. ಆ ಇಂದಿರಾ ಆಗಿದ್ದವರು ಕಲ್ಪನಾ.

ಇಲ್ಲೊಂದು ಲೆಕ್ಕ ಹೇಳ್ಬೇಕು. ಕಲ್ಪನಾ ಅವರಿಗೆ ಅತ್ಯುತ್ತಮ ನಟಿ ರಾಜ್ಯ ಪ್ರಶಸ್ತಿ ತಂದ ಚಿತ್ರಗಳು 'ಬೆಳ್ಳಿಮೋಡ', 'ಹಣ್ಣೆಲೆ ಚಿಗುರಿದಾಗ', 'ಶರಪಂಜರ'. ಮೂರೂ ತ್ರಿವೇಣಿಯವರ ಕಾದಂಬರಿಗಳು. ಮಧ್ಯದ್ದು ಪುಟ್ಟಣ್ಣನವರದ್ದಲ್ಲ, ಎಂ. ಆರ್. ವಿಠಲ್ ನಿರ್ದೇಶನದ್ದು, ವಿಧವೆಯ ಮರುಮದುವೆಯ ಕಥೆ. ಒಬ್ಬ ನಟಿಯ ಕೀರ್ತಿಯ ಹಿಂದೆ ಒಬ್ಬ ಲೇಖಕಿ ಇಷ್ಟು ಗಟ್ಟಿಯಾಗಿ ನಿಂತಿರೋ ಇನ್ನೊಂದು ಉದಾಹರಣೆ ನನಗಂತೂ ಹೊಳೀತಿಲ್ಲ.

ಮತ್ತೆ ಆ ಲೇಖಕಿ ಇವುಗಳಲ್ಲಿ ಒಂದನ್ನೂ ನೋಡಲಿಲ್ಲ. 1963ರಲ್ಲಿ, ಮಗಳು ಹುಟ್ಟಿದ ಕೆಲವೇ ದಿನಗಳಲ್ಲಿ, ತ್ರಿವೇಣಿ ತೀರಿಕೊಂಡರು. ಇನ್ನೂ ಮೂವತ್ತೈದು ತುಂಬಿರಲಿಲ್ಲ.

'ಶರಪಂಜರ' ಬಾಣಂತಿಯೊಬ್ಬಳ ಕಥೆ ಅನ್ನೋದನ್ನ ಇದರ ಪಕ್ಕ ಇಟ್ಟು ನೋಡಿ.

ಕಾವೇರಿ ಓದಿದ ಹುಡುಗಿ, ಚೆಲುವೆ. ಸತೀಶನನ್ನ ಮೆಚ್ಚಿ ಮದುವೆಯಾಗ್ತಾಳೆ. ಚೆಂದದ ಮನೆ, ಒಂದು ಮಗು. ಎರಡನೇ ಹೆರಿಗೆಯಾದ ಮೇಲೆ ಅವಳ ಮನಸ್ಸು ಹದ ತಪ್ಪುತ್ತೆ. ಮದುವೆಗೆ ಮುಂಚೆ ನಡೆದಿದ್ದ, ಯಾರಿಗೂ ಹೇಳದೆ ಮುಚ್ಚಿಟ್ಟಿದ್ದ ಒಂದು ಸಂಗತಿ ಆ ಭ್ರಮೆಯಲ್ಲಿ ಬಾಯಿಗೆ ಬರುತ್ತೆ. ಆಸ್ಪತ್ರೆಗೆ ಸೇರಿಸ್ತಾರೆ, ಗುಣವಾಗುತ್ತೆ. ಮನೆಗೆ ಬರ್ತಾಳೆ.

ಬೇರೆ ಯಾರಾದ್ರೂ ಆಗಿದ್ರೆ ಅಲ್ಲಿಗೆ ಚಿತ್ರ ಮುಗಿಸಿಬಿಡ್ತಿದ್ರು. ನನ್ನ ಪ್ರಕಾರ 'ಶರಪಂಜರ' ಶುರುವಾಗೋದೇ ಅಲ್ಲಿಂದ. ಅವಳು ಸರಿಯಾಗಿದ್ದಾಳೆ. ಸರಿಯಾಗಿಲ್ಲದಿರೋದು ಸುತ್ತಲಿನವರು. ಅವಳು ಜೋರಾಗಿ ನಕ್ಕರೆ ಅನುಮಾನ, ಸುಮ್ಮನೆ ಕೂತರೆ ಅನುಮಾನ, ಸಿಟ್ಟು ಬಂದರಂತೂ ಮುಗೀತು. ನಮಗೆಲ್ಲ ದಿನಕ್ಕೆ ಹತ್ತು ಸಲ ಸಿಟ್ಟು ಬರುತ್ತೆ, ಯಾರೂ ನಮ್ಮ ಮುಖ ಮುಖ ನೋಡೋದಿಲ್ಲ. ಅವಳಿಗೆ ಆ ಹಕ್ಕು ಹೋಗಿಬಿಟ್ಟಿದೆ. ಗಂಡ ಹತ್ತಿರ ಬರೋದಿಲ್ಲ. ಅವನು ಬೇರೊಬ್ಬಳ ಕಡೆ ವಾಲಿದ್ದಾನೆ ಅನ್ನೋದು ತಿಳಿದಾಗ ಕಾವೇರಿ ಮತ್ತೆ ಒಡೆದುಹೋಗ್ತಾಳೆ. ಶರಪಂಜರ ಅಂದ್ರೆ ಬಾಣಗಳಿಂದಲೇ ಕಟ್ಟಿದ ಪಂಜರ. ಬಾಣಗಳು ಯಾವುವು ಅಂದ್ರೆ ನೋಟಗಳು.

ಹಳ್ಳಿಗಳಲ್ಲಿ ಇದಕ್ಕೆ ಹೆಸರಿತ್ತು: ಬಾಣಂತಿ ಸನ್ನಿ. ಗಾಳಿ ಸೋಕಿದೆ ಅಂತ ತಾಯತ ಕಟ್ಟಿಸ್ತಿದ್ರು, ಕತ್ತಲೆ ಕೋಣೇಲಿ ಕೂಡಿ ಹಾಕ್ತಿದ್ರು, ತವರಿಗೆ ವಾಪಸ್ ಕಳಿಸ್ತಿದ್ರು. ವೈದ್ಯರು ಹೇಳೋ ಪ್ರಕಾರ ಸಾವಿರ ಹೆರಿಗೆಗಳಲ್ಲಿ ಒಂದೋ ಎರಡೋ ತಾಯಂದಿರಿಗೆ ಇದು ಬರುತ್ತೆ, ಹೆಚ್ಚಾಗಿ ಹೆರಿಗೆಯಾದ ಮೊದಲ ಎರಡು ವಾರದೊಳಗೆ. ತುರ್ತಾಗಿ ಆಸ್ಪತ್ರೆಗೆ ಕರ್ಕೊಂಡು ಹೋಗಬೇಕಾದ ಕಾಯಿಲೆ, ಚಿಕಿತ್ಸೆ ಸಿಕ್ಕರೆ ಗುಣವಾಗೋ ಕಾಯಿಲೆ. ಈ ಚಿತ್ರ ಬಂದಾಗ ನಿಮ್ಹಾನ್ಸ್ ಅನ್ನೋ ಹೆಸರೇ ಇನ್ನೂ ಹುಟ್ಟಿರಲಿಲ್ಲ. ಬೆಂಗಳೂರಿನ ಮಾನಸಿಕ ಆಸ್ಪತ್ರೆ ಮತ್ತು ಅಖಿಲ ಭಾರತ ಮಾನಸಿಕ ಆರೋಗ್ಯ ಸಂಸ್ಥೆ ಒಂದಾಗಿ ನಿಮ್ಹಾನ್ಸ್ ಆಗಿದ್ದು 1974ರ ಕೊನೆಯಲ್ಲಿ. ಜನರ ಬಾಯಲ್ಲಿ ಆಗ ಇದ್ದಿದ್ದು ಒಂದೇ ಪದ, ಹುಚ್ಚಾಸ್ಪತ್ರೆ.

ಇಂಥ ವಿಷಯವನ್ನ ಪುಟ್ಟಣ್ಣ ಹೇಗೆ ಹೇಳಿದ್ರು? ಬಣ್ಣದಲ್ಲಿ, ವಿಜಯಭಾಸ್ಕರ್ ಸಂಗೀತದಲ್ಲಿ, ಬೇಂದ್ರೆಯವರ ಕವಿತೆಯೊಂದನ್ನ ಪ್ರೇಮಗೀತೆಯಾಗಿಸಿ. ಮೊದಲರ್ಧ ನೋಡಿದ್ರೆ ಇದೊಂದು ಮುದ್ದಾದ ಲವ್ ಸ್ಟೋರಿ ಅನ್ಸುತ್ತೆ. ಕಲ್ಪನಾ ಅವರ ಸೀರೆ, ತೋಳಿನ ವಿನ್ಯಾಸ, ಕೇಶಾಲಂಕಾರ ನೋಡೋಕೇ ಹೆಂಗಸರು ಹೋಗ್ತಿದ್ರು ಅಂತಾರೆ. ಹೋಗ್ಲಿ ಬಿಡಿ, ಅದರಲ್ಲೇನು ತಪ್ಪು? ಆ ಸೀರೆಯನ್ನ ಮೆಚ್ಚಿಕೊಂಡ ಕಣ್ಣುಗಳೇ ಆಮೇಲೆ ಅದೇ ಹೆಣ್ಣು ಕುಸಿಯೋದನ್ನೂ ನೋಡಬೇಕಾಯ್ತು. ಮೊದಲರ್ಧದ ಸೊಗಸಿಲ್ಲದೆ ಎರಡನೇ ಅರ್ಧದ ನೋವು ಅಷ್ಟು ತಾಕ್ತಿರ್ಲಿಲ್ಲ. ಚಿತ್ರ ಭರ್ಜರಿಯಾಗಿ ಓಡಿತು, ಕನ್ನಡದ ಅತ್ಯುತ್ತಮ ಚಿತ್ರ ಅಂತ ರಾಷ್ಟ್ರಪ್ರಶಸ್ತಿಯೂ ಬಂತು. ಇದಕ್ಕೆ ಮುಂಚೆ, 1969ರ 'ಗೆಜ್ಜೆ ಪೂಜೆ'ಗೆ ಚಿತ್ರಕಥೆಗಾಗಿ ಪುಟ್ಟಣ್ಣನವರಿಗೆ ರಾಷ್ಟ್ರಪ್ರಶಸ್ತಿ ಸಿಕ್ಕಿತ್ತು. ಅದೂ ಒಬ್ಬ ಲೇಖಕಿಯ, ಎಂ. ಕೆ. ಇಂದಿರಾ ಅವರ ಕಾದಂಬರಿ. ಮುಂದೆ ಹಿಂದಿಯಲ್ಲಿ 'ಆಹಿಸ್ತಾ ಆಹಿಸ್ತಾ' ಆಗಿದ್ದು ಅದೇ ಕಥೆ.

ಹಾಗಂತ ಎಲ್ಲ ಸರಿಯಿದೆ ಅಂತ ನಾನು ಹೇಳೋದಿಲ್ಲ. ಇವತ್ತು ನೋಡಿದ್ರೆ ಕಲ್ಪನಾ ಅವರ ಕೆಲವು ದೃಶ್ಯಗಳು ಅತಿ ಅನ್ಸುತ್ತೆ. ಮಿಮಿಕ್ರಿ ಮಾಡೋರಿಗೆ ಆ ಎಳೆದೆಳೆದು ಮಾತಾಡೋ ಧಾಟಿ ಒಂದು ಹಬ್ಬ. ಅದಕ್ಕಿಂತ ದೊಡ್ಡ ತಕರಾರು ಇನ್ನೊಂದಿದೆ. ಕಾಯಿಲೆಯ ಬೇರು ಹಳೆಯ ಆ 'ತಪ್ಪಿನ' ಅಪರಾಧಿ ಭಾವದಲ್ಲಿದೆ ಅನ್ನೋ ಹಾಗೆ ಕಥೆ ಸಾಗುತ್ತೆ. ಹೆಣ್ಣಿನ ಶೀಲಕ್ಕೂ ಹುಚ್ಚಿಗೂ ಗಂಟು ಹಾಕಿದ ಹಾಗಾಗುತ್ತೆ. ಈ ಕಾಯಿಲೆ ಎಂಥ ನೆಮ್ಮದಿಯ ಸಂಸಾರದಲ್ಲೂ, ಏನನ್ನೂ ಮುಚ್ಚಿಡದ ಹೆಣ್ಣಿಗೂ ಬರಬಹುದು. ಅದನ್ನ ಚಿತ್ರ ಹೇಳೋದಿಲ್ಲ. ಆದ್ರೆ ಗುಣವಾದವಳನ್ನ ನಾವು ಹೇಗೆ ನಡೆಸಿಕೊಳ್ತೀವಿ ಅನ್ನೋ ಪ್ರಶ್ನೆಯಲ್ಲಿ ಅದು ಒಂದಿಂಚೂ ಹಳತಾಗಿಲ್ಲ. ಡಿಪ್ರೆಶನ್ನಿಗೆ ಮಾತ್ರೆ ತಗೊಳ್ತಿದ್ದೀನಿ ಅಂತ ಆಫೀಸಲ್ಲಿ ಒಮ್ಮೆ ಹೇಳಿ ನೋಡಿ, ಗೊತ್ತಾಗುತ್ತೆ.

ಕಲ್ಪನಾ 1979ರಲ್ಲಿ ತೀರಿಕೊಂಡರು, ಪುಟ್ಟಣ್ಣ 1985ರಲ್ಲಿ. ಇಬ್ಬರಿಗೂ ಸಾಯೋ ವಯಸ್ಸಾಗಿರಲಿಲ್ಲ. ರಾಜ್ಯ ಸರ್ಕಾರ ನಿರ್ದೇಶಕರಿಗೆ ಕೊಡೋ ಪ್ರಶಸ್ತಿಗೆ ಪುಟ್ಟಣ್ಣನವರ ಹೆಸರಿದೆ, ಕಲ್ಪನಾ ಇವತ್ತಿಗೂ ಮಿನುಗುತಾರೆ. ತ್ರಿವೇಣಿಯವರನ್ನ ಮಾತ್ರ ಸಿನಿಮಾ ಇತಿಹಾಸ ಹೇಳೋವಾಗ ಒಂದು ಸಾಲಿನಲ್ಲಿ ಮುಗಿಸ್ತೀವಿ.

ಮತ್ತೆ ಅಜ್ಜಿ ವಿಷಯ. 'ಶರಪಂಜರ' ಬಂದಾಗ ವಠಾರದ ಹೆಂಗಸರೆಲ್ಲ ಸೇರಿ ಮ್ಯಾಟಿನಿಗೆ ಹೋಗಿದ್ರಂತೆ. ಅವರಲ್ಲಿ ಒಬ್ಬರಿಗೆ ಹಿಂದೊಮ್ಮೆ ಬಾಣಂತನದಲ್ಲಿ ಸನ್ನಿ ಆಗಿ, ಆಸ್ಪತ್ರೆಯಲ್ಲಿದ್ದು ಬಂದಿದ್ದು ವಠಾರಕ್ಕೆಲ್ಲ ಗೊತ್ತಿತ್ತು. ಅಜ್ಜಿ ಕಾದಂಬರಿ ಮೊದಲೇ ಓದಿದ್ರು, ಕಥೆ ಏನು ಅಂತ ಚೆನ್ನಾಗಿ ಗೊತ್ತು. "ಹಾಗಾದ್ರೆ ಅವರನ್ನ ಬೇಕಂತಲೇ ಕರ್ಕೊಂಡು ಹೋದ್ಯಾ ಅಜ್ಜಿ?" ಅಂತ ಕೇಳಿದೆ. ಅದಕ್ಕೆ ಉತ್ತರ ಕೊಡಲಿಲ್ಲ. "ಅವಳು ಒಂದು ಹನಿ ಕಣ್ಣೀರು ಹಾಕ್ಲಿಲ್ಲ ಕಣೆ, ನಾವೇ ಎಲ್ಲ ಅತ್ವಿ" ಅಂದ್ರು. ಸ್ವಲ್ಪ ಹೊತ್ತು ಬಿಟ್ಟು ಇನ್ನೊಂದು ಮಾತು ಸೇರಿಸಿದ್ರು: "ವಾಪಸ್ ಬರ್ತಾ ಅವಳ ಮನೇಲೇ ಕಾಫಿ ಕುಡಿದು ಬಂದ್ವಿ. ಅಲ್ಲೀತನಕ ಅವಳ ಕೈ ಕಾಫಿ ಯಾರೂ ಕುಡೀತಿರ್ಲಿಲ್ಲ."