ವರದಿಯ ಪ್ರತಿ

ನಮ್ಮ ಕಾಚಿಗೂಡದ ಮನೆ ಹತ್ತಿರ ರಾಯಚೂರು ಕಡೆಯ ಹಿರಿಯ ಡಾಕ್ಟರೊಬ್ಬರಿದ್ದಾರೆ. ಸಣ್ಣ ಕ್ಲಿನಿಕ್ ಇಟ್ಟುಕೊಂಡಿದ್ದರು. ಅದಕ್ಕೂ ಮೊದಲು ಸರ್ಕಾರಿ ಡಾಕ್ಟರು. ಡ್ಯೂಟಿಗೆ ಬರುತ್ತಿರಲಿಲ್ಲ ಅಂತ ಎನ್‌ಕ್ವೈರಿ ನಡೆದು, 1990ರ ಅಕ್ಟೋಬರಿನಲ್ಲಿ ಅವರನ್ನು ಕೆಲಸದಿಂದ ತೆಗೆದರು. ಎನ್‌ಕ್ವೈರಿ ವರದಿಯನ್ನು ಅವರಿಗೆ ತೋರಿಸಲೇ ಇಲ್ಲ. ಆ ಅಕ್ಟೋಬರ್ ಎಂಬುದು ಎಂಥ ಕೆಟ್ಟ ತಿಂಗಳು ಅಂತ ಆಮೇಲೆ ಹೇಳುತ್ತೇನೆ.

ಸರ್ಕಾರಿ ಡಾಕ್ಟರು ಶಿಸ್ತುಕ್ರಮದ ವಿರುದ್ಧ ಕೋರ್ಟಿಗೆ ಹೋಗಿ ಗೆದ್ದ ದೊಡ್ಡ ಕೇಸು ಪಂಜಾಬಿನದು. ಸಿವಿಲ್ ಸರ್ಜನ್ ಪ್ರತಾಪ್ ಸಿಂಗ್ ನಿವೃತ್ತಿಗೆ ಮುಂಚಿನ ರಜೆಯಲ್ಲಿದ್ದರು. 1961ರ ಜೂನ್‌ನಲ್ಲಿ, ನಿವೃತ್ತಿಗೆ ಕೆಲವೇ ದಿನ ಉಳಿದಿರುವಾಗ, ಸರ್ಕಾರ ರಜೆ ರದ್ದು ಮಾಡಿ ಸಸ್ಪೆಂಡ್ ಮಾಡಿತು. ಆಪಾದನೆ ಏನು ಗೊತ್ತೆ? ರೋಗಿಯೊಬ್ಬರಿಂದ 16 ರೂಪಾಯಿ ಲಂಚ! ಮುಖ್ಯಮಂತ್ರಿ ಪ್ರತಾಪ್ ಸಿಂಗ್ ಕೈರೋನ್ ಮತ್ತು ಅವರ ಮನೆಯವರು ಹೇಳಿದ್ದನ್ನು ಕೇಳದ್ದಕ್ಕೆ ಈ ಹಗೆ ಅಂತ ಡಾಕ್ಟರ ವಾದ. ಮಾತುಕತೆಯನ್ನು ಟೇಪ್ ಮಾಡಿಟ್ಟುಕೊಂಡಿದ್ದರು, ಕೋರ್ಟಿಗೆ ಅದನ್ನೇ ಕೊಟ್ಟರು. ಆ ಕಾಲಕ್ಕೆ ಇದು ಸಾಮಾನ್ಯ ಧೈರ್ಯವಲ್ಲ. 1963ರಲ್ಲಿ ಸುಪ್ರೀಂ ಕೋರ್ಟಿನ ಐವರಲ್ಲಿ ಮೂವರು ನ್ಯಾಯಮೂರ್ತಿಗಳು ಆದೇಶಗಳನ್ನು ರದ್ದು ಮಾಡಿದರು. ಲಂಚ ತಗೊಂಡರೋ ಇಲ್ಲವೋ ಎಂಬುದಕ್ಕೆ ಅವರು ಕೈ ಹಾಕಲಿಲ್ಲ. ಅಧಿಕಾರವನ್ನು ಯಾವ ಉದ್ದೇಶಕ್ಕೆ ಬಳಸಿದರು ಅನ್ನುವುದನ್ನಷ್ಟೇ ನೋಡಿದರು.

ಹೈದರಾಬಾದಿನ ಕತೆ ಬೇರೆ. 1976ರಿಂದ ಇಲ್ಲಿ ರಾಜ್ಯ ಸರ್ಕಾರಿ ನೌಕರರ ದೂರುಗಳನ್ನು ಆಂಧ್ರಪ್ರದೇಶ ಆಡಳಿತ ನ್ಯಾಯಮಂಡಳಿ ಕೇಳುತ್ತಿತ್ತು. ಸಂವಿಧಾನದ 371ಡಿ ವಿಧಿಯಿಂದ ಹುಟ್ಟಿದ್ದು. ಅದರಲ್ಲೊಂದು ವಿಚಿತ್ರವಿತ್ತು. ನ್ಯಾಯಮಂಡಳಿ ಕೊಟ್ಟ ತೀರ್ಪನ್ನು ಮೂರು ತಿಂಗಳೊಳಗೆ ಸರ್ಕಾರವೇ ಬದಲಿಸಬಹುದು, ಇಲ್ಲವೆ ರದ್ದು ಮಾಡಬಹುದು! ಡಾಕ್ಟರಿರಲಿ, ಗುಮಾಸ್ತರಿರಲಿ, ಸರ್ಕಾರದ ಮೇಲೆ ಗೆದ್ದವರ ಗೆಲುವು ಸೋತವರ ಕೈಯಲ್ಲಿ. 1986ರ ಡಿಸೆಂಬರಿನಲ್ಲಿ ಸಾಂಬಮೂರ್ತಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಅದನ್ನು ಕಿತ್ತುಹಾಕಿತು. ಹತ್ತು ವರ್ಷ ಹೇಗೆ ನಡೆಯಿತೋ!

ವರದಿಯ ವಿಷಯಕ್ಕೆ ಬರೋಣ. ಮೊದಲು ಶಿಕ್ಷೆ ಕೊಡುವ ಮುನ್ನ ಇಂಥ ಶಿಕ್ಷೆ ಕೊಡುತ್ತೇವೆ, ಏನು ಹೇಳುತ್ತೀರಿ ಅಂತ ಇನ್ನೊಮ್ಮೆ ಕೇಳಬೇಕಿತ್ತು. 1976ರ 42ನೇ ತಿದ್ದುಪಡಿ ಅದನ್ನು ತೆಗೆಯಿತು. ಇನ್ನು ವರದಿ ಯಾಕೆ ಕೊಡಬೇಕು ಅಂತ ಇಲಾಖೆಗಳು ಸುಮ್ಮನಾದವು. 1990ರ ನವೆಂಬರ್ 20ರಂದು ರಂಜಾನ್ ಖಾನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು, ಎನ್‌ಕ್ವೈರಿ ಬೇರೊಬ್ಬರು ಮಾಡಿದ್ದರೆ ವರದಿಯ ಪ್ರತಿ ಕೊಡಲೇಬೇಕು ಎಂದಿತು. ಆಮೇಲೆ ನಮ್ಮೂರಿನದೇ ಇ.ಸಿ.ಐ.ಎಲ್. ಕಂಪನಿಯ ನೌಕರ ಕರುಣಾಕರ್ ಅವರ ಕೇಸು. 1993ರ ಅಕ್ಟೋಬರ್ 1ರಂದು ಸಂವಿಧಾನ ಪೀಠ ಇದನ್ನೇ ಗಟ್ಟಿ ಮಾಡಿತು. ಸರ್ಕಾರಿ, ಖಾಸಗಿ ಎಲ್ಲರಿಗೂ ಅನ್ವಯ. ನಮ್ಮ ಬ್ಯಾಂಕುಗಳ ಎನ್‌ಕ್ವೈರಿ ಫೈಲುಗಳಲ್ಲೂ ಈ ಹೆಸರು ಕಾಣಿಸದೆ ಇರುವುದಿಲ್ಲ.

ಆದರೆ ಎರಡು ಕೊಕ್ಕೆ. ವರದಿ ಕೊಡಲಿಲ್ಲ ಅಂದಮಾತ್ರಕ್ಕೆ ಕೆಲಸ ವಾಪಸ್ ಸಿಗುವುದಿಲ್ಲ, ಅದರಿಂದ ನನಗೆ ಹಾನಿಯಾಯಿತು ಅಂತ ತೋರಿಸಬೇಕು. ಇದು ಸರಿ ಅಂತಲೇ ನನ್ನ ಅಭಿಪ್ರಾಯ. ಡಾಕ್ಟರಿಲ್ಲದ ಆಸ್ಪತ್ರೆಯ ಬಾಗಿಲಲ್ಲಿ ಕಾದ ರೋಗಿಯೂ ಒಬ್ಬ ಇದ್ದಾನಲ್ಲ. ಇನ್ನೊಂದು, 1990ರ ನವೆಂಬರ್ 20ಕ್ಕೂ ಮೊದಲಿನ ಶಿಕ್ಷೆಗಳನ್ನು ಈ ಕಾರಣಕ್ಕೆ ಪ್ರಶ್ನಿಸುವಂತಿಲ್ಲ. ಹಳೆಯ ಫೈಲುಗಳೆಲ್ಲ ಮತ್ತೆ ಬಿಚ್ಚಿಕೊಂಡರೆ ಆಡಳಿತ ನಡೆಯುವುದು ಹೇಗೆ ಅನ್ನುವ ಲೆಕ್ಕ. ಕಟ್-ಆಫ್ ತಾರೀಖು ಬ್ಯಾಂಕಿನವನಾದ ನನಗೆ ಹೊಸದಲ್ಲ, ಆದರೂ ಇದು ಚುಚ್ಚುತ್ತದೆ.

ನಮ್ಮ ಡಾಕ್ಟರ ಆದೇಶ ಆ ತಾರೀಖಿಗೆ ತಿಂಗಳ ಹಿಂದಿನದು. ಆ ಅಂಶದ ಮೇಲೆ ಕೇಸು ನಿಲ್ಲಲಿಲ್ಲ. ಮೊನ್ನೆ ಚಹಾ ಕುಡಿಯುತ್ತಾ ಅವರು ಹೇಳಿದ್ದು: "ನಾ ಎಲ್ಲಾ ದಿನ ಹೋಗೀನಿ ಅಂತ ಹೇಳಂಗಿಲ್ರಿ. ಎಷ್ಟು ದಿನ ಹೋಗಿಲ್ಲ ಅಂತ ಬರದಾರ, ಅದನ್ನೊಮ್ಮೆ ನೋಡಬೇಕಿತ್ತು."