ಮೆಣಸಿನಕಾಯಿ ಬರುವ ಮುನ್ನ: ನಾಡಿನ ಹಳೆಯ ಪಾಕಗಳು ಇಂದಿನ ಒಲೆಯ ಮೇಲೆ

ಹಾವೇರಿ ಜಿಲ್ಲೆಯ ಹೆಸರನ್ನು ದೇಶದ ಮಸಾಲೆ ಪೇಟೆಗಳಿಗೆಲ್ಲ ಮುಟ್ಟಿಸಿದ್ದು ಬ್ಯಾಡಗಿ ಮೆಣಸಿನಕಾಯಿ. ಕಡುಗೆಂಪು ಬಣ್ಣ, ಸುಕ್ಕುಗಟ್ಟಿದ ಸಿಪ್ಪೆ, ಹದವಾದ ಖಾರ ಇದರ ಗುರುತು. 2011ರಲ್ಲಿ ಇದಕ್ಕೆ ಭೌಗೋಳಿಕ ಸೂಚಿಕೆಯ ಮಾನ್ಯತೆಯೂ ದೊರೆಯಿತು. ಆದರೆ ಇದೇ ಜಿಲ್ಲೆಯ ಗುತ್ತಲದಿಂದ 12 ಮತ್ತು 13ನೇ ಶತಮಾನಗಳಲ್ಲಿ ಆಳಿದ ಗುತ್ತ ಅರಸರು ಮೆಣಸಿನಕಾಯಿಯನ್ನು ಕಂಡವರಲ್ಲ. ಚೌಡದಾನಪುರದ ಮುಕ್ತೇಶ್ವರ ದೇವಾಲಯದಲ್ಲಿ ಅಂದು ನೈವೇದ್ಯ ಸಿದ್ಧಪಡಿಸಿದ ಕೈಗಳಿಗೂ ಅದರ ಪರಿಚಯವಿರಲಿಲ್ಲ. ಖಾರಕ್ಕೆ ಅವರಿಗಿದ್ದದ್ದು ಕಾಳುಮೆಣಸು, ಹಿಪ್ಪಲಿ, ಶುಂಠಿ.

ಪುರಾತನ ಪಾಕಗಳನ್ನು ಇಂದಿನ ಅಡುಗೆಮನೆಯಲ್ಲಿ ಮತ್ತೆ ಮಾಡಿನೋಡುವ ಆಸಕ್ತಿ ಪಾಶ್ಚಾತ್ಯ ದೇಶಗಳಲ್ಲಿ ಬಹುಕಾಲದಿಂದ ಇದೆ. ಅಲ್ಲಿನ ಪ್ರಯೋಗಗಳಿಗೆ ಮುಖ್ಯ ಆಧಾರ ಪ್ರಾಚೀನ ರೋಮ್‌ನ ಪಾಕಗ್ರಂಥ. ಕನ್ನಡ ನಾಡಿನಲ್ಲಿ ಅಂತಹ ಆಧಾರಗಳು ಒಂದಲ್ಲ, ಹಲವು ಇವೆ. ಅವುಗಳನ್ನು ಒಲೆಯ ಮೇಲೆ ತರಲು ಹೊರಟವರಿಗೆ ಎದುರಾಗುವ ಮೊದಲ ಪ್ರಶ್ನೆ, ಯಾವುದನ್ನು ಸೇರಿಸಬೇಕು ಎಂಬುದಲ್ಲ. ಯಾವುದನ್ನು ಬಿಡಬೇಕು ಎಂಬುದು.

ನಮ್ಮಲ್ಲಿರುವ ಆಧಾರಗಳು

ಕಲ್ಯಾಣ ಚಾಲುಕ್ಯರ ಆಳ್ವಿಕೆಯಲ್ಲಿ, ಸುಮಾರು 1025ರಲ್ಲಿ, ಜೈನ ಕವಿ ಎರಡನೆಯ ಚಾವುಂಡರಾಯನು 'ಲೋಕೋಪಕಾರ'ವನ್ನು ರಚಿಸಿದನು. ಕೃಷಿ, ಜಲಶೋಧನೆ, ವೈದ್ಯ ಮುಂತಾದ ವಿಷಯಗಳ ಜೊತೆಗೆ ಪಾಕವಿದ್ಯೆಗೂ ಸ್ಥಾನ ನೀಡಿದ ಕನ್ನಡ ಗ್ರಂಥವಿದು. ಇದರ ಇಂಗ್ಲಿಷ್ ಅನುವಾದವನ್ನು 2006ರಲ್ಲಿ ಏಷ್ಯನ್ ಅಗ್ರಿ-ಹಿಸ್ಟರಿ ಫೌಂಡೇಶನ್ ಪ್ರಕಟಿಸಿತು.

ಒಂದು ಶತಮಾನದ ತರುವಾಯ ಅದೇ ವಂಶದ ಮೂರನೆಯ ಸೋಮೇಶ್ವರನು (ಆಳ್ವಿಕೆ 1127-1138) ಸಂಸ್ಕೃತದಲ್ಲಿ 'ಮಾನಸೋಲ್ಲಾಸ'ವನ್ನು ರಚಿಸಿದನು. 'ಅಭಿಲಷಿತಾರ್ಥ ಚಿಂತಾಮಣಿ' ಎಂಬುದು ಇದರ ಇನ್ನೊಂದು ಹೆಸರು. ನೂರು ಅಧ್ಯಾಯಗಳ ಈ ವಿಶ್ವಕೋಶದ 'ಅನ್ನಭೋಗ' ಭಾಗದಲ್ಲಿ ಅರಸನ ಊಟದ ವಿವರಗಳಿವೆ. ಉದ್ದಿನಿಂದ ಮಾಡುವ ಇಡ್ಡರಿಕೆ, ಬೇಳೆಯ ದೋಸಕ, ಗೋಧಿಯ ಮಂಡಕ, ಮೊಸರಿನ ಶಿಖರಿಣಿಗಳ ಜೊತೆಗೆ ಸುಟ್ಟ ಮೀನು, ಆಮೆಯ ಮಾಂಸ, ಹೊಲದ ಇಲಿಯ ಪಾಕವೂ ಅಲ್ಲಿ ಬರುತ್ತದೆ. ಗುತ್ತಲದ ಗುತ್ತರು ಇದೇ ಚಾಲುಕ್ಯರ ಮಾಂಡಲಿಕರಾಗಿದ್ದವರು ಎಂಬುದು ಗಮನಾರ್ಹ.

ಮೂರನೆಯ ಆಧಾರ, ಮೂರನೆಯ ಮಂಗರಸನ 'ಸೂಪಶಾಸ್ತ್ರ'. ಮೈಸೂರು ಸೀಮೆಯ ಕಲ್ಲಹಳ್ಳಿಯ ಪ್ರಭುವಾಗಿದ್ದ ಈ ಜೈನ ಕವಿ ಸುಮಾರು 1508ರಲ್ಲಿ ಪಾಕವಿದ್ಯೆಗೆಂದೇ ಮೀಸಲಾದ ಈ ಕೃತಿಯನ್ನು ಷಟ್ಪದಿಯಲ್ಲಿ ಬರೆದನು. ಇಲ್ಲಿರುವುದೆಲ್ಲ ಸಸ್ಯಾಹಾರ. ಭಕ್ಷ್ಯ, ಪಾನಕ, ಅನ್ನ, ತರಕಾರಿ ಎಂದು ಅಧ್ಯಾಯಗಳಾಗಿ ವಿಂಗಡಿಸಿದ್ದು, ಬದನೆಕಾಯಿಗೆ ವಿಶೇಷ ಆದರ ದೊರೆತಿದೆ. ಮುಂದೆ ಕೆಳದಿಯ ಬಸವಪ್ಪ ನಾಯಕನ (ಆಳ್ವಿಕೆ 1697-1714) 'ಶಿವತತ್ತ್ವ ರತ್ನಾಕರ'ದಲ್ಲಿಯೂ ಪಾಕಶಾಲೆ ಮತ್ತು ಪಾಕಗಳ ವಿವರಗಳು ಬಂದಿವೆ.

'ಸೂಪಶಾಸ್ತ್ರ'ದ ಕಾಲ ವಿಶೇಷವಾಗಿ ಮುಖ್ಯವಾದುದು. ಪೋರ್ಚುಗೀಸರು ಗೋವೆಯನ್ನು ವಶಪಡಿಸಿಕೊಂಡದ್ದು 1510ರಲ್ಲಿ. ಅಮೆರಿಕ ಖಂಡದ ಬೆಳೆಗಳು ಕನ್ನಡ ನಾಡಿನ ಅಡುಗೆಮನೆಯನ್ನು ಹೊಗುವ ಹೊಸ್ತಿಲಿನಲ್ಲಿ, ಅವು ಇನ್ನೂ ಒಳಗೆ ಕಾಲಿಡದಿದ್ದಾಗ ಬರೆದ ಪಾಕಗ್ರಂಥವಿದು.

ರೋಮ್ ಕಲಿಸುವ ಪಾಠ

ಅಪಿಸಿಯಸ್‌ನ ಹೆಸರಿನಲ್ಲಿ ಪ್ರಸಿದ್ಧವಾಗಿರುವ ಲ್ಯಾಟಿನ್ ಪಾಕಸಂಗ್ರಹದಲ್ಲಿ 450ಕ್ಕೂ ಹೆಚ್ಚು ಪಾಕಗಳಿವೆ. ಅದರ ಬಹುಪಾಲು ಪಾಕಗಳಲ್ಲಿ ಕಾಳುಮೆಣಸು ಇದೆ. ಆ ಮೆಣಸು ಹೋದದ್ದು ಮಲಬಾರ್ ಕರಾವಳಿಯಿಂದ. ಮೊದಲನೆಯ ಶತಮಾನದ ರೋಮನ್ ಲೇಖಕ ಪ್ಲಿನಿಯು ಹಿಪ್ಪಲಿಗೆ ಪೌಂಡಿಗೆ 15 ದಿನಾರಿಯಸ್, ಕರಿಮೆಣಸಿಗೆ 4 ದಿನಾರಿಯಸ್ ಎಂದು ದರ ದಾಖಲಿಸಿ, ರೋಮ್‌ನ ಹಣ ಭಾರತಕ್ಕೆ ಹರಿದುಹೋಗುತ್ತಿದೆ ಎಂದು ಆಕ್ಷೇಪಿಸಿದ್ದನು. ಆ ಸಂಪರ್ಕದ ಕುರುಹುಗಳು ನಮ್ಮ ನೆಲದಲ್ಲಿಯೂ ದೊರೆತಿವೆ. ಚಿತ್ರದುರ್ಗದ ಚಂದ್ರವಳ್ಳಿಯಲ್ಲಿ ರೋಮನ್ ಬೆಳ್ಳಿ ನಾಣ್ಯಗಳು ಸಿಕ್ಕಿದರೆ, ಹಾವೇರಿ ಜಿಲ್ಲೆಯ ಅಕ್ಕಿಆಲೂರಿನಲ್ಲಿ ರೋಮನ್ ಮತ್ತು ಬೈಜಾಂಟಿಯಮ್ ಚಿನ್ನದ ನಾಣ್ಯಗಳ ನಿಧಿಯೇ ದೊರೆತಿದೆ.

ರೋಮನ್ ಅಡುಗೆಯನ್ನು ಮರುಸೃಷ್ಟಿಸುವವರಿಗೆ ಎರಡು ತೊಡಕುಗಳಿವೆ. ಮೊದಲನೆಯದು, ಗ್ರಂಥದಲ್ಲಿ ಹೆಚ್ಚಿನ ಕಡೆ ಅಳತೆಯೇ ಇಲ್ಲ. ಎರಡನೆಯದು, ಕೆಲವು ಪದಾರ್ಥಗಳು ಇಂದು ಇಲ್ಲ. ಉತ್ತರ ಆಫ್ರಿಕದ ಸಿರೀನ್ ಪ್ರದೇಶದ 'ಸಿಲ್ಫಿಯಮ್' ಎಂಬ ಸಸ್ಯದ ಅಂಟು ರೋಮನ್ನರಿಗೆ ಅತಿಪ್ರಿಯವಾಗಿತ್ತು. ಪ್ಲಿನಿಯ ಕಾಲಕ್ಕೇ ಅದು ಕಾಣೆಯಾಯಿತು. ಅದರ ಬದಲಿಗೆ ರೋಮನ್ನರು ಬಳಸಿದ್ದು ಇರಾನಿನ ಕಡೆಯಿಂದ ಬರುತ್ತಿದ್ದ ಇಂಗನ್ನು. ಇಂದಿನ ಪ್ರಯೋಗಶೀಲರೂ ಇಂಗನ್ನೇ ಬಳಸುತ್ತಾರೆ. ಮೀನು ಮತ್ತು ಉಪ್ಪನ್ನು ಕೊಳೆಸಿ ತೆಗೆಯುತ್ತಿದ್ದ 'ಗಾರಮ್' ರಸಕ್ಕೆ ಬದಲಾಗಿ ಆಗ್ನೇಯ ಏಷ್ಯದ ಮೀನಿನ ರಸವನ್ನು ಹಾಕುತ್ತಾರೆ. ಆದರೆ ಒಳ್ಳೆಯ ಪ್ರಯೋಗಗಳು ಬದಲಿ ಪದಾರ್ಥವನ್ನು ಬದಲಿಯೆಂದೇ ಹೇಳುತ್ತವೆ. ನಾವು ಕಲಿಯಬೇಕಾದ ಶಿಸ್ತು ಇದೇ.

ಅಡುಗೆಮನೆಯಿಂದ ಹೊರಗಿಡಬೇಕಾದವು

'ಐದುನೂರು ವರ್ಷಗಳ ಹಿಂದಿನ ರುಚಿ' ಎಂಬ ಫಲಕದ ಕೆಳಗೆ ಬಡಿಸುವ ತಟ್ಟೆಯಲ್ಲಿ ಕೆಂಪು ಚಟ್ನಿ ಇದ್ದರೆ ಆ ಮಾತು ಅಲ್ಲಿಗೇ ಬಿದ್ದುಹೋಗುತ್ತದೆ. ಮೆಣಸಿನಕಾಯಿ, ಟೊಮೆಟೊ, ಆಲೂಗಡ್ಡೆ, ಗೋವಿನಜೋಳ, ಶೇಂಗಾ, ಗೋಡಂಬಿ, ಪೇರಲ, ಪಪ್ಪಾಯಿ, ಅನಾನಸ್ ಇವೆಲ್ಲವೂ ಅಮೆರಿಕ ಖಂಡದ ಮೂಲದವು. ಭಾಷೆಯೂ ಇದಕ್ಕೆ ಸಾಕ್ಷಿ ನುಡಿಯುತ್ತದೆ. 'ಮೆಣಸು' ಎಂದರೆ ಮೊದಲು ಕಾಳುಮೆಣಸು ಮಾತ್ರ. ಹೊಸ ಕಾಯಿ ಬಂದಾಗ ಅದು ಮೆಣಸಿನಂತೆ ಖಾರವಾದ ಕಾಯಿ ಎಂಬರ್ಥದಲ್ಲಿ 'ಮೆಣಸಿನಕಾಯಿ' ಆಯಿತು. ಆ ಬಳಿಕ ಹಳೆಯ ಮೆಣಸೇ ತನ್ನನ್ನು ಬೇರೆಯಾಗಿ ಗುರುತಿಸಿಕೊಳ್ಳಲು ಕರಿಮೆಣಸು, ಒಳ್ಳೆಮೆಣಸು, ಕಾಳುಮೆಣಸು ಎಂದು ವಿಶೇಷಣ ಧರಿಸಬೇಕಾಯಿತು.

ಉತ್ತರ ಕರ್ನಾಟಕದ ಎಣ್ಣೆಗಾಯಿ ಪಲ್ಯವನ್ನೇ ನೋಡಬಹುದು. ಬದನೆ ಈ ನೆಲದ್ದು; ಎಳ್ಳು, ಹುಣಸೆ, ಬೆಲ್ಲ, ಜೀರಿಗೆ ಹಳೆಯವು. ಶೇಂಗಾ ಪುಡಿ ಮತ್ತು ಮೆಣಸಿನಪುಡಿ ಹೊಸವು. ಎರಡನ್ನು ತೆಗೆದರೂ ಪಲ್ಯ ಉಳಿಯುತ್ತದೆ. ಬಣ್ಣ ಮತ್ತು ಖಾರದ ಬಗೆ ಮಾತ್ರ ಬದಲಾಗುತ್ತದೆ.

ಅಳತೆಯ ಸಮಸ್ಯೆ

ಹಳೆಯ ಗ್ರಂಥಗಳು ಪಾಕ ಬಲ್ಲವರಿಗಾಗಿ ಬರೆದವು. 'ತಕ್ಕಷ್ಟು' ಎಂದರೆ ಎಷ್ಟು ಎಂಬುದು ಓದುವವನ ಕೈಗೆ ಗೊತ್ತಿರುತ್ತಿತ್ತು. ಶಾಸನಗಳಲ್ಲಿ ಬರುವ ಮಾನ, ಸೊಲಗೆ, ಬಳ್ಳ, ಕೊಳಗಗಳ ಪ್ರಮಾಣ ಸೀಮೆಯಿಂದ ಸೀಮೆಗೆ ಬೇರೆಯಾಗಿದ್ದುದರಿಂದ ಅವುಗಳನ್ನು ನೇರವಾಗಿ ಗ್ರಾಮಿಗೆ ಇಳಿಸಲಾಗದು. ಹೀಗಾಗಿ ಇಂದಿನ ಯಾವ ಅಳತೆಯೂ ಮಾಡಿನೋಡಿ ಕಂಡುಕೊಂಡ ಅಂದಾಜು ಮಾತ್ರ.

ಈ ಕೊರತೆಯನ್ನು ತುಂಬಬಲ್ಲವರು ಇಂದಿಗೂ ಇದ್ದಾರೆ. 'ಮಾನಸೋಲ್ಲಾಸ'ದ ಮಂಡಕವನ್ನು ಬೋರಲು ಹಾಕಿದ ಕಾದ ಪಾತ್ರೆಯ ಮೇಲೆ ತೆಳುವಾಗಿ ಬೇಯಿಸುತ್ತಿದ್ದರು. ಬೆಳಗಾವಿ ಸೀಮೆಯ ಮಂಡಿಗೆ ತಯಾರಕರು ಇಂದಿಗೂ ಬೋರಲು ಬಾಣಲೆಯ ಮೇಲೆ ಅದನ್ನು ಬೇಯಿಸುತ್ತಾರೆ. ಮನಸ್ಸಿನಲ್ಲೇ ಮಂಡಿಗೆ ತಿನ್ನುವುದು ಕನ್ನಡದ ಗಾದೆಯಾದಷ್ಟು ಹಳೆಯ ತಿಂಡಿಯಿದು. ಗ್ರಂಥದ ನಾಲ್ಕು ಪದಗಳಲ್ಲಿ ಅಡಗಿರುವ ಕ್ರಿಯೆ ಏನೆಂಬುದು ಅಂತಹ ಕೈಗಳನ್ನು ನೋಡಿದಾಗ ಸ್ಪಷ್ಟವಾಗುತ್ತದೆ. ಆ ಕೈಗಳು ಇಲ್ಲವಾದರೆ ಗ್ರಂಥ ಉಳಿದೂ ಅರ್ಥ ಕಳೆದುಹೋಗುತ್ತದೆ.

ಮಾಡಿನೋಡಬಹುದಾದ ಎರಡು ಪಾಕಗಳು

ಇಡ್ಡರಿಕೆ: ಇಡ್ಲಿಯ ಪೂರ್ವಜ ಎಂದು ವಿದ್ವಾಂಸರು ಗುರುತಿಸುವ ತಿನಿಸು. 'ಲೋಕೋಪಕಾರ'ದಲ್ಲಿ ಮಜ್ಜಿಗೆಯಲ್ಲಿ ನೆನೆಸಿದ ಉದ್ದನ್ನು ನುಣ್ಣಗೆ ರುಬ್ಬಿ, ಮೊಸರಿನ ತಿಳಿನೀರು, ಜೀರಿಗೆ, ಕೊತ್ತಂಬರಿ, ಮೆಣಸು, ಇಂಗು ಬೆರೆಸುವ ಕ್ರಮವಿದೆ. 'ಮಾನಸೋಲ್ಲಾಸ'ದಲ್ಲಿ ಉದ್ದಿನ ಹಿಟ್ಟಿನ ಚಿಕ್ಕ ಉಂಡೆಗಳನ್ನು ತುಪ್ಪದಲ್ಲಿ ಕರಿದು ಮೆಣಸು, ಜೀರಿಗೆ, ಇಂಗಿನ ಪುಡಿ ಸೇರಿಸುತ್ತಾರೆ. ಎರಡರಲ್ಲಿಯೂ ಅಕ್ಕಿ ಇಲ್ಲ. ಇಂದಿನ ಅಡುಗೆಮನೆಗೆ: 1 ಲೋಟ ಉದ್ದಿನಬೇಳೆಯನ್ನು 4 ಗಂಟೆ ನೆನೆಸಿ, ನೀರು ಹೆಚ್ಚು ಮಾಡದೆ ಗಟ್ಟಿಯಾಗಿ ರುಬ್ಬಿ, ಉಪ್ಪು ಸೇರಿಸಿ, ನಿಂಬೆ ಗಾತ್ರದ ಉಂಡೆಗಳನ್ನು ತುಪ್ಪದಲ್ಲಿ ಹದವಾದ ಉರಿಯಲ್ಲಿ ಕರಿಯಬೇಕು. ಬಿಸಿಯಿರುವಾಗಲೇ ಒಂದೊಂದು ಚಮಚ ಮೆಣಸಿನ ಮತ್ತು ಜೀರಿಗೆಯ ಪುಡಿ, ಒಂದು ಚಿಟಿಕೆ ಇಂಗಿನ ಪುಡಿ ಉದುರಿಸಬೇಕು.

ಮೆಣಸಿನಕಾಯಿ ಇಲ್ಲದ ಎಣ್ಣೆಗಾಯಿ: ಇದು ಯಾವ ಗ್ರಂಥದ ಪಾಕವೂ ಅಲ್ಲ; 1508ರ ಅಡುಗೆಮನೆಯಲ್ಲಿ ಇರಬಹುದಾಗಿದ್ದ ಪದಾರ್ಥಗಳಿಂದ ಮಾಡುವ ಪ್ರಯೋಗ. 8 ಎಳೆಯ ಬದನೆಕಾಯಿಗಳನ್ನು ತೊಟ್ಟು ಉಳಿಸಿ ನಾಲ್ಕಾಗಿ ಸೀಳಬೇಕು. ಹುರಿದ ಎಳ್ಳು 4 ಚಮಚ, ಒಣಕೊಬ್ಬರಿ 2 ಚಮಚ, ಕೊತ್ತಂಬರಿ 1 ಚಮಚ, ಜೀರಿಗೆ ಅರ್ಧ ಚಮಚವನ್ನು ಕುಟ್ಟಿ, ಹುಣಸೆರಸ, ಬೆಲ್ಲ, ಅರಿಸಿನ, ಉಪ್ಪು ಕಲಸಿ ತುಂಬಬೇಕು. ಎಳ್ಳೆಣ್ಣೆಯಲ್ಲಿ ಇಂಗಿನ ಒಗ್ಗರಣೆ ಕೊಟ್ಟು ಮುಚ್ಚಿ ಬೇಯಿಸಬೇಕು. ಒಂದೂವರೆ ಚಮಚ ಮೆಣಸಿನ ಪುಡಿಯನ್ನು ಇಳಿಸುವ ಮುನ್ನ ಹಾಕುವುದು ಒಳಿತು. ಹೆಚ್ಚು ಹೊತ್ತು ಕುದಿದರೆ ಅದರ ಪರಿಮಳ ಹೋಗುತ್ತದೆ. ಗ್ರಂಥಿಗೆ ಅಂಗಡಿಗಳಲ್ಲಿ ಸಿಗುವ ಹಿಪ್ಪಲಿಯನ್ನು ಸ್ವಲ್ಪ ಸೇರಿಸಿದರೆ ಖಾರ ನಿಧಾನವಾಗಿ ಏರುವ ಇನ್ನೊಂದು ಬಗೆಯ ರುಚಿ ಬರುತ್ತದೆ.

ಬರೆದಿಡದವರ ಊಟ

ಈ ಗ್ರಂಥಗಳಿಗೆ ಒಂದು ಮಿತಿಯುಂಟು. 'ಮಾನಸೋಲ್ಲಾಸ' ಅರಸನ ತಟ್ಟೆಯನ್ನು ವರ್ಣಿಸುತ್ತದೆ. 'ಸೂಪಶಾಸ್ತ್ರ' ಪ್ರಭುವೊಬ್ಬನ ರಸಿಕತೆಯ ಫಲ. ಗುತ್ತಲದ ಸುತ್ತಣ ಹೊಲಗಳಲ್ಲಿ ದುಡಿದವರು ಏನು ಉಂಡರು ಎಂಬುದನ್ನು ಯಾರೂ ಷಟ್ಪದಿಯಲ್ಲಿ ಬರೆದಿಡಲಿಲ್ಲ. ಅರಮನೆಯ ಪಾಕವನ್ನೇ 'ನಮ್ಮ ಪೂರ್ವಿಕರ ಅಡುಗೆ' ಎಂದು ಕರೆಯುವಾಗ ಈ ಎಚ್ಚರ ಇರಬೇಕು. ಜೋಳದ ರೊಟ್ಟಿ, ನುಚ್ಚು, ಅಂಬಲಿ, ಅಗಸಿ ಮತ್ತು ಗುರೆಳ್ಳಿನ ಪುಡಿಗಳ ಅರಿವು ತಾಳೆಗರಿಯಲ್ಲಿಲ್ಲ. ಅದು ಹಳ್ಳಿಯ ಹಿರಿಯ ಹೆಂಗಸರ ಬಳಿಯಿದೆ. ಗ್ರಂಥಗಳಿಗೆ ಸಂಪಾದಕರು ದೊರೆತಿದ್ದಾರೆ. ಈ ಅರಿವನ್ನು ಕೇಳಿ ಬರೆದುಕೊಳ್ಳುವ ಕೆಲಸ ಆಯಾ ಮನೆಯವರದೇ.

ಹಾಗೆಂದು ಮೆಣಸಿನಕಾಯಿಯನ್ನು ಪರಕೀಯವೆಂದು ದೂರಬೇಕಾಗಿಲ್ಲ. ಬಂದ ಬೀಜವನ್ನು ತಲೆಮಾರುಗಳ ಕಾಲ ಆಯ್ದು, ಬೆಳೆದು, ತಮ್ಮ ಊರಿನ ಹೆಸರನ್ನೇ ಅದಕ್ಕೆ ಕೊಟ್ಟವರು ಇಲ್ಲಿಯ ರೈತರು. ಬ್ಯಾಡಗಿಯ ಹಿರಿಮೆಗೆ ಸಾವಿರ ವರ್ಷದ ಸುಳ್ಳು ಲೆಕ್ಕ ಬೇಕಿಲ್ಲ. ಹಳೆಯ ಪಾಕವನ್ನು ಮಾಡಿ ಬಡಿಸುವವರು ಗ್ರಂಥದಲ್ಲಿರುವುದು ಎಷ್ಟು, ತಮ್ಮ ಊಹೆ ಎಷ್ಟು, ಬದಲಿ ಪದಾರ್ಥ ಯಾವುದು ಎಂದು ಮೂರು ಸಾಲು ಬರೆದಿಟ್ಟರೆ ಸಾಕು. ಉಣ್ಣುವವರಿಗೆ ರುಚಿಯ ಜೊತೆಗೆ ನಿಜವೂ ದಕ್ಕುತ್ತದೆ.